ಕುಕ್ಕರ್ ಕೂಗಿದರೆ ಮಗ ಓಡುತ್ತಾನೆ, ಏನು ಮಾಡಲಿ?

ಪ್ರಶ್ನೆ: ಮಗನಿಗೆ ಮೂರೂವರೆ ವರ್ಷ. ಕುಕ್ಕರ್ ಕೂಗಿದರೆ ಕಿವಿ ಮುಚ್ಚಿಕೊಂಡು ಓಡುತ್ತಾನೆ. ಈಗೀಗ ನಾನು ಕುಕ್ಕರ್ ತೊಳೆಯುತ್ತಿದ್ದರೂ ಅಳು ಶುರು. "ಎತ್ಕೊಂಡು ಹೋಗಿ ಒಲೆ ಹತ್ರ ನಿಲ್ಸು, ಸರಿಹೋಗ್ತಾನೆ" ಅನ್ನುತ್ತಾರೆ ಅತ್ತೆ. ಹಾಗೆ ಮಾಡಬಹುದಾ?

ಉತ್ತರ: ಬೇಡ. ನಿಮ್ಮ ಅತ್ತೆಯವರ ಮಾತು ಅರ್ಧ ಸರಿ. ಹತ್ತಿರ ಹೋಗಬೇಕು ನಿಜ, ಆದರೆ ಅವನಾಗೇ ಹೋಗಬೇಕು. ಬಲವಂತ ಮಾಡಿದರೆ ನಾಳೆ ನೀವು ಎತ್ತಿಕೊಳ್ಳಲು ಬಂದರೂ ಓಡುತ್ತಾನೆ.

ಈ ವಯಸ್ಸಿನಲ್ಲಿ ದಿಢೀರ್ ಸದ್ದಿಗೆ ಹೆದರುವುದು ಮಾಮೂಲು. ಮೂರು ಕೂಗು ಅಂದರೆ ನಮಗೆ ಅನ್ನ ಆಯ್ತು ಅಂತ. ಅವನಿಗೆ ಅದು ಯಾವಾಗ ಕಿರುಚುತ್ತದೋ ಗೊತ್ತಿಲ್ಲದ ಏನೋ ಒಂದು. "ಏನೂ ಇಲ್ಲ, ಸುಮ್ನಿರು" ಅನ್ನಬೇಡಿ. ಏನೋ ಇದೆ, ಅವನು ಕೇಳಿಸಿಕೊಂಡಿದ್ದಾನೆ! "ಜೋರಾಗಿ ಕೂಗ್ತು ಅಲ್ವಾ?" ಅನ್ನಿ, ಸಾಕು.

ಅಮೆರಿಕದ ಮನಶ್ಶಾಸ್ತ್ರಜ್ಞೆ ಮೇರಿ ಕವರ್ ಜೋನ್ಸ್ 1924ರಲ್ಲಿ ಪೀಟರ್ ಎಂಬ ಪುಟ್ಟ ಹುಡುಗನ ಬಗ್ಗೆ ಬರೆದರು. ಅವನಿಗೆ ಮೊಲ ಕಂಡರೆ ಭಯ. ಅವನು ಇಷ್ಟದ ತಿಂಡಿ ತಿನ್ನುವಾಗ ಮೊಲವನ್ನು ದೂರದಲ್ಲಿಟ್ಟು, ಸ್ವಲ್ಪ ಸ್ವಲ್ಪವೇ ಹತ್ತಿರ ತಂದರು. ಮೊಲಕ್ಕೆ ಹೆದರದ ಮಕ್ಕಳನ್ನೂ ಜೊತೆಗೆ ಬಿಟ್ಟರು. ಕೊನೆಗೆ ಮೊಲ ಬೆರಳು ಮೆಲ್ಲಿದರೂ ಅವನು ಸುಮ್ಮನಿರುತ್ತಿದ್ದ.

ನೀವೂ ಹಾಗೇ ಮಾಡಿ. ಮೊದಲು ತಣ್ಣಗಿರುವ ಕುಕ್ಕರಿನ ವೆಯ್ಟ್ ಅವನ ಕೈಗೆ ಕೊಡಿ. ಎಷ್ಟು ಭಾರ ಅಂತ ನೋಡಲಿ. ಒಳಗಿನ ಹಬೆ ಇದನ್ನು ಎತ್ತಿಕೊಂಡು ಹೊರಗೆ ನುಗ್ಗುವಾಗ ಸದ್ದಾಗುತ್ತೆ ಅಂತ ಹೇಳಿ. (ಆಮೇಲೆ ಮರೆಯದೆ ಎತ್ತಿಡಿ, ಇಲ್ಲದಿದ್ದರೆ ಸಂಜೆ ಸೋಫಾ ಕೆಳಗೆ ಹುಡುಕಬೇಕು.) ಒಂದೆರಡು ದಿನ ಅವನೇ ಕುಕ್ಕರ್ ಆಗಿ ಕೂಗಲಿ, ನೀವು ಹೆದರಿ ಓಡಿ. ನಮ್ಮ ಮಗಳ ಮಿಕ್ಸಿ ಭಯಕ್ಕೆ ಎಲ್ಲಕ್ಕಿಂತ ಜಾಸ್ತಿ ಕೆಲಸ ಮಾಡಿದ್ದು ಈ ಆಟವೇ.

ನಿಜವಾದ ಕುಕ್ಕರ್ ಇಟ್ಟಾಗ ಅವನು ಹಾಲ್‌ನಲ್ಲಿ ತಿಂಡಿ ತಿನ್ನುತ್ತಿರಲಿ. ಬುಸ್ ಅನ್ನಲು ಶುರುವಾದಾಗ "ಈಗ ಕೂಗುತ್ತೆ ನೋಡು" ಅಂತ ಮೊದಲೇ ಹೇಳಿ. ಅಳಲಿಲ್ಲವೇ? ನಾಲ್ಕು ದಿನ ಬಿಟ್ಟು ಅಡುಗೆಮನೆ ಬಾಗಿಲವರೆಗೆ. ಅಲ್ಲಿಗೇ ನಿಲ್ಲಿಸಿ. ಒಲೆಯ ಹೆದರಿಕೆ ಇರಲಿ ಬಿಡಿ.

"ಊಟ ಮಾಡ್ದಿದ್ರೆ ಕುಕ್ಕರ್ ಕೂಗಿಸ್ತೀನಿ" ಅನ್ನುವವರು ಮನೆಯಲ್ಲಿದ್ದರೆ ಮೊದಲು ಅದನ್ನು ನಿಲ್ಲಿಸಿ. ಇನ್ನು, ಎಲ್ಲ ಸದ್ದಿಗೂ ಕಿವಿ ಮುಚ್ಚುತ್ತಾನೆ, ಮಾತೂ ನಿಧಾನ ಅನ್ನಿಸಿದರೆ ಮಕ್ಕಳ ಡಾಕ್ಟರಿಗೆ ತೋರಿಸಿ.

ಅತ್ತೆಯವರಿಗೂ ಒಂದು ಕೆಲಸ ಕೊಡಿ. ಅವನನ್ನು ಪಕ್ಕದಲ್ಲಿ ಕೂರಿಸಿಕೊಂಡು ಅಜ್ಜಿ ಮೊಮ್ಮಗ ಸೇರಿ ಕೂಗು ಎಣಿಸಲಿ. ಲೆಕ್ಕ ತಪ್ಪಿ ಬೇಳೆ ಒಂದೆರಡು ದಿನ ಜಾಸ್ತಿ ಬೆಂದರೆ ಬೇಯಲಿ.