ಸಿನಿಮಾದ ಫ್ಲ್ಯಾಶ್‌ಬ್ಯಾಕ್ ಬೇರೆ, ಪಿಟಿಎಸ್‌ಡಿ ಫ್ಲ್ಯಾಶ್‌ಬ್ಯಾಕ್ ಬೇರೆ: ‘ದಿ ಪನಿಶರ್’ ಇಟ್ಕೊಂಡು ಒಂದು ಟಿಪ್ಪಣಿ

ಇಂಟರ್ನಲ್ಸ್‌ನಲ್ಲಿ ಎರಡು ಮಾರ್ಕ್ಸ್ ಹೋಯ್ತು, ಆ ಸಿಟ್ಟಲ್ಲೇ ಬರೀತಿದೀನಿ. ಪ್ರಶ್ನೆ: ಪಿಟಿಎಸ್‌ಡಿಯಲ್ಲಿ (ದೊಡ್ಡ ಆಘಾತದ ನಂತರ ಉಳಿಯೋ ಮಾನಸಿಕ ಕಾಯಿಲೆ) ಫ್ಲ್ಯಾಶ್‌ಬ್ಯಾಕ್ ಎಂದರೇನು, ಉದಾಹರಣೆ ಕೊಡಿ. ನಾನು ಬರೆದದ್ದು: ಫ್ರ್ಯಾಂಕ್ ಕಾಸಲ್‌ನನ್ನು ಹೆಂಡತಿ ಮರಿಯಾ ಹಾಸಿಗೆಯಲ್ಲಿ ಎಬ್ಬಿಸುವ ದೃಶ್ಯ. ಅಡ್ಡಡ್ಡ ಕೆಂಪು ಗೆರೆ.

ಸೀರೀಸ್ ನೋಡದವರಿಗೆ ಚುಟುಕಾಗಿ: ನೆಟ್‌ಫ್ಲಿಕ್ಸ್, 2017, ಮೊದಲ ಸೀಸನ್ 13 ಕಂತು, ನಾಯಕ ಫ್ರ್ಯಾಂಕ್ ಪಾತ್ರದಲ್ಲಿ ಜಾನ್ ಬರ್ನ್‌ಥಾಲ್. ಅಫ್ಘಾನಿಸ್ತಾನದ ಯುದ್ಧದಿಂದ ವಾಪಸ್ ಬಂದ ಅಮೆರಿಕದ ಮರೀನ್ ಸೈನಿಕ, ಹೆಂಡತಿ ಮಕ್ಕಳನ್ನು ಕೊಂದವರನ್ನು ಹುಡುಕಿ ಹುಡುಕಿ ಮುಗಿಸ್ತಾನೆ. 1974ರ ಕಾಮಿಕ್ಸ್‌ನಲ್ಲಿ ಈ ಪಾತ್ರ ಹುಟ್ಟಿದಾಗ ಪಿಟಿಎಸ್‌ಡಿ ಅನ್ನೋ ಹೆಸರು ರೋಗಪಟ್ಟಿಯಲ್ಲೇ ಇರಲಿಲ್ಲ. ಅದು ಸೇರಿದ್ದು 1980ರ ಡಿಎಸ್‌ಎಂ-3ರಲ್ಲಿ, ಅಂದ್ರೆ ಅಮೆರಿಕದ ಮನೋವೈದ್ಯರ ರೋಗಪಟ್ಟಿಯ ಮೂರನೇ ಆವೃತ್ತಿಯಲ್ಲಿ.

ಡಿಎಸ್‌ಎಂ-5ರಲ್ಲಿ ಪಿಟಿಎಸ್‌ಡಿ ಲಕ್ಷಣಗಳ ನಾಲ್ಕು ಗುಂಪು ಎಲ್ಲರಿಗೂ ಬಾಯಿಪಾಠ: ಬೇಡ ಅಂದ್ರೂ ನುಗ್ಗೋ ನೆನಪು, ತಪ್ಪಿಸಿಕೊಳ್ಳೋದು, ಯೋಚನೆ-ಮನಸ್ಥಿತಿ ಕೆಡೋದು, ಸದಾ ಮೈಯೆಲ್ಲ ಎಚ್ಚರ. ಒಂದು ತಿಂಗಳಿಗಿಂತ ಹೆಚ್ಚು ಇರಬೇಕು. ಮುಂದಕ್ಕೆ ಹೋಗೋಣ.

ನಾನು ಎಡವಿದ್ದು ಮೊದಲನೇ ಗುಂಪಿನೊಳಗೆ. ನಮಗೆ ಫ್ಲ್ಯಾಶ್‌ಬ್ಯಾಕ್ ಅಂದ್ರೆ ಇಂಟರ್ವಲ್ ಆದ್ಮೇಲೆ ಬರೋ ಹಳೇ ಕಥೆ. ನಿರ್ದೇಶಕ ಅದನ್ನು ನಮಗೆ ತೋರಿಸ್ತಾನೆ, ಪಾತ್ರಕ್ಕೆ ಅದು ಆಗ್ತಿರಬೇಕಂತಿಲ್ಲ. ಡಿಎಸ್‌ಎಂನಲ್ಲಿ ಮಾತ್ರ ಇವು ಬೇರೆ ಬೇರೆ: ಬೇಡದ ನೆನಪು ಒಂದು, ಕೆಟ್ಟ ಕನಸು ಇನ್ನೊಂದು, ಹಳೇದು ಈಗಲೇ ನಡೀತಿದೆ ಅನ್ನಿಸೋ ಫ್ಲ್ಯಾಶ್‌ಬ್ಯಾಕ್ ಮೂರನೇದು. ಮರಿಯಾ ದೃಶ್ಯ ಕನಸು. ಕೊನೆಗೆ ಅವಳಿಗೆ ಗುಂಡು ಬೀಳುತ್ತೆ, ನಿಜ. ಆದರೆ ಅವಳು ಸತ್ತದ್ದು ಸೆಂಟ್ರಲ್ ಪಾರ್ಕ್‌ನಲ್ಲಿ, ಹಾಸಿಗೆಯಲ್ಲಲ್ಲ. ಕನಸು ನಡೆದದ್ದನ್ನೇ ನಕಲು ಮಾಡಬೇಕಿಲ್ಲ, ಅದೇ ಭಾವ ಇದ್ದರೂ ಸಾಕು. ಇದನ್ನು ಮೂರು ಸಲ ಓದಿದ ಮೇಲೇ ತಲೆಗೆ ಹೋಗಿದ್ದು.

ಹಾಗಾದರೆ ಸರಿಯಾದ ಉದಾಹರಣೆ ಯಾವುದು? ಅದೇ ಸೀರೀಸ್‌ನ ಲೂಯಿಸ್ ವಿಲ್ಸನ್, ಯುದ್ಧದಿಂದ ಬಂದ ಹುಡುಗ. ರಾತ್ರಿ ಅಪ್ಪ ಎಬ್ಬಿಸೋಕೆ ಬರ್ತಾರೆ, ಇವನು ಗುಂಡು ಹಾರಿಸ್ತಾನೆ. ಶುರುವಾಗಿದ್ದು ಕನಸಿನಿಂದಲೇ ಇರಬಹುದು, ಆದರೆ ಆ ಕ್ಷಣ ಅವನ ಪಾಲಿಗೆ ಅಲ್ಲಿ ಅಪ್ಪ ಇಲ್ಲ, ಆ ಕೋಣೆಯೂ ಇಲ್ಲ. ಆಮೇಲೆ ಹಿತ್ತಲಲ್ಲಿ ಗುಂಡಿ ತೋಡಿ ಅದರೊಳಗೇ ಮಲಗ್ತಾನೆ. ಹಾಸಿಗೆಗಿಂತ ಮಣ್ಣೇ ಅವನಿಗೆ ಭದ್ರ. (ಗುಂಡಿಯನ್ನು ಫ್ಲ್ಯಾಶ್‌ಬ್ಯಾಕ್ ಅಂತ ಬರೀಬೇಡಿ, ಅದು ನಾಲ್ಕನೇ ಗುಂಪು.)

ನನ್ನ ಶಾರ್ಟ್‌ಕಟ್: ಕ್ರಿಯಾಪದ ನೋಡಿ. ‘ಗುಂಡು ಹಾರಿತು’ ಅಂದ್ರೆ ನೆನಪು, ‘ಗುಂಡು ಹಾರ್ತಿದೆ’ ಅಂದ್ರೆ ಫ್ಲ್ಯಾಶ್‌ಬ್ಯಾಕ್. ವಿಶ್ವ ಆರೋಗ್ಯ ಸಂಸ್ಥೆಯ ರೋಗಪಟ್ಟಿ ಐಸಿಡಿ-11 ಕೂಡ ಒತ್ತಿ ಹೇಳೋದು ಇದನ್ನೇ: ಹಳೇದು ಈಗಲೇ, ಇಲ್ಲೇ ನಡೀತಿದೆ ಅನ್ನಿಸಬೇಕು.

ಸಮ್ಮಟಿಗೆ ದೃಶ್ಯ: ಫ್ರ್ಯಾಂಕ್ ಕಟ್ಟಡದ ಕೆಲಸದಲ್ಲಿ ಒಬ್ಬನೇ ಗೋಡೆ ಒಡೀತಾ ಇರ್ತಾನೆ. ನನ್ನ ಪ್ರಕಾರ ಎರಡನೇ ಗುಂಪು, ಮೈ ದಣಿದರೆ ತಲೆ ಸುಮ್ಮನಿರುತ್ತೆ ಅನ್ನೋ ಲೆಕ್ಕ. ಗೆಳತಿ ಒಪ್ಪಲ್ಲ, ಬರೀ ಕೋಪ ಅಂತಾಳೆ.

ಅಫ್ಘಾನಿಸ್ತಾನದ ಕಂದಹಾರ್‌ನಲ್ಲಿ ನಡೆಯೋ ಭಾಗ ಬೇರೆಯೇ. ಮೇಲಿನವರು ಹೇಳಿದ್ದಕ್ಕೆ ಫ್ರ್ಯಾಂಕ್ ಅಫ್ಘನ್ ಪೊಲೀಸ್ ಒಬ್ಬನನ್ನು ಕೊಲ್ತಾನೆ. ಅಲ್ಲಿರೋದು ಭಯಕ್ಕಿಂತ ಪಾಪಪ್ರಜ್ಞೆ. ವಿಯೆಟ್ನಾಂ ಸೈನಿಕರ ಮನೋವೈದ್ಯ ಜೊನಾಥನ್ ಶೇ ಇದನ್ನು ನೈತಿಕ ಗಾಯ ಅಂದರು: ಅಧಿಕಾರದಲ್ಲಿರೋರೇ ನ್ಯಾಯಕ್ಕೆ ದ್ರೋಹ ಮಾಡಿದಾಗ ಆಗೋ ಗಾಯ. ಡಿಎಸ್‌ಎಂ-5ರಲ್ಲಿ ಇದು ಪ್ರತ್ಯೇಕ ಕಾಯಿಲೆಯಲ್ಲ. ಇನ್ನೊಂದು, ಪಿಟಿಎಸ್‌ಡಿ ಇರೋರಲ್ಲಿ ಬಹುತೇಕರು ಹಿಂಸೆಗೆ ಇಳಿಯಲ್ಲ. ಉತ್ತರದಲ್ಲಿ ಫ್ರ್ಯಾಂಕ್‌ನ ಬಂದೂಕನ್ನು ರೋಗಲಕ್ಷಣ ಮಾಡಬೇಡಿ. ಕಾಲು ಕಳ್ಕೊಂಡು, ಮಾಜಿ ಸೈನಿಕರನ್ನು ಕುರ್ಚಿ ಹಾಕಿ ಕೂರಿಸಿ ಮಾತಾಡಿಸೋ ಕರ್ಟಿಸ್ ಕೂಡ ಅದೇ ಯುದ್ಧದಿಂದ ಬಂದವನೇ.

ಸೀಸನ್ ಕೊನೆಗೆ ಫ್ರ್ಯಾಂಕ್ ಅದೇ ಕುರ್ಚಿಯಲ್ಲಿ ಕೂತು, ಮಾಡೋಕೆ ಯುದ್ಧ ಉಳಿದಿಲ್ಲ, ಹೆದರಿಕೆ ಆಗ್ತಿದೆ ಅಂತಾನೆ. ವರ್ತಮಾನ ಕಾಲ! ಆದರೆ ಫ್ಲ್ಯಾಶ್‌ಬ್ಯಾಕ್ ಅಲ್ಲ, ಅವನು ನಿಜವಾಗಿ ಈಗಿನ ಮಾತೇ ಆಡ್ತಿದಾನೆ. ಶಾರ್ಟ್‌ಕಟ್ ಪಕ್ಕ ಪೆನ್ಸಿಲ್‌ನಲ್ಲಿ ಒಂದು ಪ್ರಶ್ನೆ ಚಿಹ್ನೆ ಹಾಕಿದೀನಿ.