ಕಲಬುರಗಿಯ ಬಿಸಿಲಿಗೆ ನಿಲ್ಲುವ ಲಿಪ್ ಬಾಮ್

ಡಿಸೆಂಬರ್ ಕೊನೆಗೆ ತೊಗರಿ ರಾಶಿ ಶುರುವಾಗುವ ಹೊತ್ತಿಗೆ ನನ್ನ ಚರ್ಮರೋಗ ಚಿಕಿತ್ಸಾಲಯದಲ್ಲಿ 'ತುಟಿ ಒಡದಾವ್ರಿ' ಎನ್ನುವವರು ಹೆಚ್ಚಾಗುತ್ತಾರೆ, ಏಪ್ರಿಲ್‌ನ ಒಣಗಾಳಿಗೆ ಅದೇ ದೂರು ಮತ್ತೊಮ್ಮೆ ಕೇಳಿಬರುತ್ತದೆ. ಈಚಿನ ವರ್ಷಗಳಲ್ಲಿ ಅವರಲ್ಲಿ ಕೆಲವರು ಮನೆಯಲ್ಲೇ ತಯಾರಿಸಿದ ಲಿಪ್ ಬಾಮ್‌ನ ಡಬ್ಬಿಯನ್ನೂ ಜೊತೆಗೆ ತಂದು ತೋರಿಸುತ್ತಾರೆ. ಮುಚ್ಚಳ ತೆಗೆದರೆ ಬಹುಪಾಲು ಡಬ್ಬಿಗಳಲ್ಲಿ ಕಾಣುವುದು ಬಾಮ್ ಅಲ್ಲ, ತಳದಲ್ಲಿ ಸ್ವಲ್ಪ ಮೇಣ ಕೂತ ಎಣ್ಣೆ. ಮಾಡಿದವರ ಕೈಯಲ್ಲಿ ತಪ್ಪಿಲ್ಲ. ಅವರು ನೋಡಿ ಮಾಡಿದ ವಿಧಾನವು ಕೊಬ್ಬರಿ ಎಣ್ಣೆ ವರ್ಷವಿಡೀ ಗಟ್ಟಿಯಾಗಿ ಇರುವ ಊರಿನದು. ಕೊಬ್ಬರಿ ಎಣ್ಣೆ ಕರಗುವುದು ಸುಮಾರು 24 ಡಿಗ್ರಿಗೆ, ನಮ್ಮಲ್ಲಿ ಅದು ಹೆಪ್ಪುಗಟ್ಟುವುದು ಚಳಿಗಾಲದ ಕೆಲವು ಬೆಳಗುಗಳಲ್ಲಿ ಮಾತ್ರ.

ತಯಾರಿಗೆ ಮೊದಲು ತುಟಿಯ ವಿಚಾರ. ಮೈಯ ಉಳಿದ ಚರ್ಮಕ್ಕೆ ಹೋಲಿಸಿದರೆ ತುಟಿಯ ಹೊರಪದರ ಬಹಳ ತೆಳು; ಬೆವರಿನ ಗ್ರಂಥಿಗಳಿಲ್ಲ, ಚರ್ಮಕ್ಕೆ ಜಿಡ್ಡು ಒದಗಿಸುವ ಗ್ರಂಥಿಗಳೂ ಇಲ್ಲವೆಂದೇ ಹೇಳಬೇಕು, ಬಿಸಿಲಿನಿಂದ ಕಾಯುವ ಮೆಲನಿನ್ ಕೂಡ ಕಡಿಮೆ. ಆದ್ದರಿಂದ ಒಳಗಿನ ತೇವವು ಬೇಗ ಆರಿಹೋಗುತ್ತದೆ. ಒಣಗಿತೆಂದು ನಾಲಿಗೆಯಿಂದ ಸವರಿಕೊಂಡರೆ ಎಂಜಲು ಆರುವಾಗ ಇದ್ದ ತೇವವನ್ನೂ ಎಳೆದುಕೊಂಡು ಹೋಗುತ್ತದೆ, ಎಂಜಲಿನಲ್ಲಿರುವ ಜೀರ್ಣಕಾರಿ ಕಿಣ್ವಗಳು ತೆಳು ಪದರವನ್ನು ಇನ್ನಷ್ಟು ಕೆರಳಿಸುತ್ತವೆ. ಶಾಲೆಗೆ ಹೋಗುವ ಮಕ್ಕಳ ಬಾಯಿಯ ಸುತ್ತ ಕಾಣುವ ಕೆಂಪು ಉಂಗುರಕ್ಕೆ ಬಹುತೇಕ ಇದೇ ಕಾರಣ.

ಬಾಮ್ ಎಂಬುದು ಮುಚ್ಚಳ. ಅದು ತೇವವನ್ನು ಕೊಡುವುದಿಲ್ಲ, ಇರುವ ತೇವವನ್ನು ಹೋಗಗೊಡುವುದಿಲ್ಲ. ಹಾಗಾಗಿ ಮುಖ ತೊಳೆದು, ತುಟಿ ಇನ್ನೂ ಸ್ವಲ್ಪ ಹಸಿಯಾಗಿರುವಾಗಲೇ ಹಚ್ಚಬೇಕು. ಒಣಗಿ ಸಿಪ್ಪೆ ಎದ್ದ ತುಟಿಗೆ ನೇರವಾಗಿ ಹಚ್ಚಿದರೆ ಸಿಪ್ಪೆ ಮೆತ್ತಗಾಗುತ್ತದೆಯೇ ಹೊರತು ಹೆಚ್ಚಿನದೇನೂ ಆಗದು. ಮುಚ್ಚಳದ ಕೆಲಸಕ್ಕೆ, ನಿಜ ಹೇಳಬೇಕೆಂದರೆ, ಅಮೆರಿಕದ ರಸಾಯನಶಾಸ್ತ್ರಜ್ಞ ರಾಬರ್ಟ್ ಚೀಸ್‌ಬ್ರೋ 1872ರಲ್ಲಿ ಪೇಟೆಂಟ್ ಪಡೆದ ಪೆಟ್ರೋಲಿಯಂ ಜೆಲ್ಲಿಯನ್ನು ಮೀರಿಸುವ ವಸ್ತು ನಮ್ಮ ಅಡುಗೆಮನೆಯಲ್ಲಿ ಇಲ್ಲ, ಅದು ಅಗ್ಗವೂ ಹೌದು. ಆದರೂ ಅದರ ಅಂಟು ಹಿಡಿಸದವರು, ಏನು ಹಾಕಿದ್ದೇವೆ ಎಂಬುದು ಕಣ್ಣಿಗೆ ಕಾಣಬೇಕು ಎನ್ನುವವರು, ಪರಿಮಳದ ಅಲರ್ಜಿ ಇರುವವರು ಮನೆಯಲ್ಲಿ ಮಾಡಿಕೊಳ್ಳುವುದರಲ್ಲಿ ಅರ್ಥವಿದೆ. 'ನೈಸರ್ಗಿಕ' ಎಂಬ ಒಂದೇ ಕಾರಣಕ್ಕೆ ಮಾಡಿಕೊಳ್ಳುವುದಾದರೆ ನಾನು ಒಪ್ಪುವುದಿಲ್ಲ. ನಿಂಬೆರಸವೂ ನೈಸರ್ಗಿಕವೇ, ಅದರ ಮಾತು ಮುಂದೆ ಬರುತ್ತದೆ.

ಈಗ ಮೇಣದ ಲೆಕ್ಕ. ಜೇನುಮೇಣ ಕರಗುವುದು 62ರಿಂದ 64 ಡಿಗ್ರಿಯಲ್ಲಿ. ಮುರುಗಲು ಬೆಣ್ಣೆ, ಅಂದರೆ ಅಂಗಡಿಯವರು ಕೋಕಂ ಬಟರ್ ಎನ್ನುವ ವಸ್ತು, 40 ಡಿಗ್ರಿಯ ಆಸುಪಾಸಿನಲ್ಲಿ ಕರಗುತ್ತದೆ. ಬೇರೆ ಊರಿನಲ್ಲಿ ಬಾಮ್‌ಗೆ ಗಟ್ಟಿತನ ಕೊಡುವ ಈ ಬೆಣ್ಣೆಯೂ ನಮ್ಮಲ್ಲಿ ಮೇ ತಿಂಗಳ ಮಧ್ಯಾಹ್ನ ಪಾದರಸ 42, 43 ಮುಟ್ಟಿದಾಗ ಎಣ್ಣೆಯ ಸಾಲಿಗೇ ಸೇರಿಬಿಡುತ್ತದೆ. ಆಗ ಇಡೀ ಬಾಮ್ ಅನ್ನು ಹಿಡಿದು ನಿಲ್ಲಿಸುವುದು ಮೇಣವೊಂದೇ. ಮೊದಲ ಸಲ ಮಾಡಿದಾಗ ನಾನು ಪುಸ್ತಕದಂತೆ ನೂರಕ್ಕೆ ಹದಿನೈದರಷ್ಟು ಮೇಣ ಹಾಕಿದ್ದೆ. ಡಬ್ಬಿಯನ್ನು ಸ್ಕೂಟರ್ ಡಿಕ್ಕಿಯಲ್ಲಿಟ್ಟು ಮರೆತೆ. ಸಂಜೆ ನೋಡುವಾಗ ಗಾಡಿಯ ಆರ್‌ಸಿ, ವಿಮೆಯ ಕಾಗದ ಎರಡೂ ಜೇನಿನ ಪರಿಮಳ ಬೀರುತ್ತ ಪಾರದರ್ಶಕವಾಗಿದ್ದವು.

ಈಗ ನಾನು ಹೇಳಿಕೊಡುವ ಅಳತೆ ಇದು: ಜೇನುಮೇಣ 10 ಗ್ರಾಂ, ಮುರುಗಲು ಬೆಣ್ಣೆ 10 ಗ್ರಾಂ, ಕೊಬ್ಬರಿ ಎಣ್ಣೆ 10 ಗ್ರಾಂ, ಔಡಲ ಎಣ್ಣೆ 10 ಗ್ರಾಂ. ಒಟ್ಟು 40 ಗ್ರಾಂ, ಹತ್ತು ಗ್ರಾಂನ ನಾಲ್ಕು ಡಬ್ಬಿ ತುಂಬುತ್ತದೆ. ಮಾರ್ಚ್‌ನಿಂದ ಮೇ ತನಕದ ಬಳಕೆಗಾದರೆ ಮೇಣವನ್ನು 12ಕ್ಕೆ ಏರಿಸಿ ಕೊಬ್ಬರಿ ಎಣ್ಣೆಯನ್ನು 8ಕ್ಕೆ ಇಳಿಸಬೇಕು. ಬೀದರಿನ ಜನವರಿಯ ಚಳಿಗೆ ಮೇಣ 8 ಸಾಕು, ಹೆಚ್ಚಾದರೆ ಬಾಮ್ ತುಟಿಯ ಮೇಲೆ ಜಾರದೆ ಎಳೆಯುತ್ತದೆ. ಚಮಚದ ಅಳತೆಯನ್ನು ನಂಬಬೇಡಿ, ಸಣ್ಣ ಡಿಜಿಟಲ್ ತಕ್ಕಡಿ ಬೇಕೇ ಬೇಕು. ನಮ್ಮ ಭಾಗದ ಕುಸುಬಿ ಎಣ್ಣೆ ಹಾಕಬಹುದೇ ಎಂದು ಬಹಳ ಜನ ಕೇಳುತ್ತಾರೆ. ಚರ್ಮಕ್ಕೆ ಅದು ಒಳ್ಳೆಯದೇ, ಆದರೆ ಅದರಲ್ಲಿ ಹೇರಳವಾಗಿರುವ ಲಿನೋಲಿಯಿಕ್ ಆಮ್ಲ ಎಂಬ ಕೊಬ್ಬಿನಾಮ್ಲದ ಕಾರಣದಿಂದಲೇ ಬೇಗ ಕಮಟು ಹಿಡಿಯುತ್ತದೆ. ಔಡಲ ಎಣ್ಣೆಯಲ್ಲಿ ಅರ್ಧದಷ್ಟನ್ನು ಕಳೆದು ಅಷ್ಟೇ ಕುಸುಬಿ ಎಣ್ಣೆ ಸೇರಿಸಿ, ತಿಂಗಳೊಳಗೆ ಮುಗಿಸಬೇಕು.

ಮೇಣ ಕೊಳ್ಳುವಾಗ ಒಂದು ಚೂರನ್ನು ಬೆರಳ ನಡುವೆ ಹಿಸುಕಿ ನೋಡಿ. ಜೇನುಮೇಣ ಬೆಚ್ಚಗಾದಂತೆ ಮಿದುವಾಗಿ ಬಾಗುತ್ತದೆ, ಮೇಣದಬತ್ತಿಯ ಪ್ಯಾರಾಫಿನ್ ಪುಡಿಪುಡಿಯಾಗಿ ಉದುರುತ್ತದೆ. ಇದು ಪ್ರಯೋಗಾಲಯದ ಪರೀಕ್ಷೆಯಲ್ಲ, ಆದರೆ ಶುದ್ಧ ಪ್ಯಾರಾಫಿನ್ ಅನ್ನೇ ಜೇನುಮೇಣವೆಂದು ಕೊಟ್ಟಿದ್ದರೆ ಗೊತ್ತಾಗುತ್ತದೆ.

ಮೇಣವನ್ನು ನೇರ ಉರಿಯ ಮೇಲೆ ಇಡಬಾರದು, ಅತಿಯಾಗಿ ಕಾದರೆ ಹೊತ್ತಿಕೊಳ್ಳುವ ವಸ್ತು ಅದು. ಅಗಲ ಪಾತ್ರೆಯಲ್ಲಿ ಎರಡು ಬೆರಳು ನೀರು ಕಾಯಿಸಿ, ಅದರೊಳಗೆ ಪೂರ್ತಿ ಒಣಗಿದ ಸ್ಟೀಲ್ ಲೋಟವನ್ನಿಟ್ಟು ಮೊದಲು ಮೇಣ, ಅದು ಕರಗಿದ ಮೇಲೆ ಬೆಣ್ಣೆ, ಕೊನೆಗೆ ಎಣ್ಣೆಗಳನ್ನು ಹಾಕಬೇಕು. ತಣ್ಣನೆಯ ಎಣ್ಣೆ ಬಿದ್ದೊಡನೆ ಮೇಣ ಬಿಳಿ ಎಳೆಗಳಾಗಿ ಹೆಪ್ಪುಗಟ್ಟುತ್ತದೆ. ಗಾಬರಿಯಾಗದೆ ತಿರುವುತ್ತ ಇದ್ದರೆ ಎರಡು ನಿಮಿಷದಲ್ಲಿ ಮತ್ತೆ ತಿಳಿಯಾಗುತ್ತದೆ. ಲೋಟದೊಳಗೆ ನೀರಿನ ಹನಿ ಬೀಳಗೊಡಬಾರದು. ಉರಿ ಆರಿಸಿ, 400 ಮಿಲಿಗ್ರಾಂನ ಒಂದು ವಿಟಮಿನ್ ಇ ಕ್ಯಾಪ್ಸೂಲನ್ನು ಚುಚ್ಚಿ ಹಿಂಡಿ. ಎಣ್ಣೆ ಕಮಟಾಗುವುದನ್ನು ಇದು ಸ್ವಲ್ಪ ನಿಧಾನಗೊಳಿಸಬಹುದು, ಆದರೆ ಸೂಕ್ಷ್ಮಾಣುಗಳನ್ನು ಕೊಲ್ಲುವುದಿಲ್ಲ.

ಡಬ್ಬಿಗೆ ಸುರಿಯುವ ಮೊದಲು ಒಂದು ಹನಿಯನ್ನು ಚಮಚದ ಬೆನ್ನಿಗೆ ಬಿಟ್ಟು, ಶಹಾಬಾದ್ ಕಲ್ಲಿನ ಕಟ್ಟೆಯ ಮೇಲೆ ಐದು ನಿಮಿಷ ಆರಲು ಬಿಡುತ್ತೇನೆ. ಫ್ರಿಜ್‌ನಲ್ಲಿಟ್ಟು ಪರೀಕ್ಷಿಸಿದರೆ ಎಲ್ಲ ಬಾಮ್‌ಗಳೂ ಗಟ್ಟಿಯಾಗಿಯೇ ಕಾಣುತ್ತವೆ, ನಮಗೆ ಅದರಿಂದ ಉಪಯೋಗವಿಲ್ಲ. ಆರಿದ ಹನಿಯನ್ನು ಹೆಬ್ಬೆರಳಿಂದ ಒತ್ತಿದಾಗ ಮೊದಲು ತಡೆದು, ಆಮೇಲೆ ಕರಗಿ ಹರಡಬೇಕು. ತಕ್ಷಣ ಕುಸಿದರೆ ಒಂದು ಗ್ರಾಂ ಮೇಣ, ಚೂರಾಗಿ ಎದ್ದರೆ ಒಂದು ಗ್ರಾಂ ಎಣ್ಣೆ ಸೇರಿಸಿ ಮತ್ತೆ ಕರಗಿಸಬೇಕು. ಬೇಸಿಗೆಯ ಬಾಮ್ ಆದರೆ ಇನ್ನೊಂದು ಹನಿಯನ್ನು ನಡುಹಗಲಲ್ಲಿ ಮಾಳಿಗೆಯ ನೆರಳಿನಲ್ಲಿ ಒಂದು ಗಂಟೆ ಇಟ್ಟು ನೋಡುವುದು ಒಳ್ಳೆಯದು.

ಇನ್ನು ಸೇರಿಸಬಾರದ ವಸ್ತುಗಳು. ನನ್ನ ಬಳಿ ಬರುವ ತೊಂದರೆಗಳಲ್ಲಿ ಹೆಚ್ಚಿನವು ಇಲ್ಲಿಂದಲೇ. ಕಾಲೇಜು ವಿದ್ಯಾರ್ಥಿನಿಯೊಬ್ಬಳು ತುಟಿ ಬೆಳ್ಳಗಾಗಲೆಂದು ಬಾಮ್‌ಗೆ ನಿಂಬೆರಸ ಬೆರೆಸಿ, ಹಚ್ಚಿಕೊಂಡೇ ಬಿಸಿಲಲ್ಲಿ ಬಸ್ಸಿಗೆ ಕಾದಿದ್ದಳು. ನಿಂಬೆಯ ಸಿಪ್ಪೆ, ರಸಗಳಲ್ಲಿರುವ ಫ್ಯೂರೊಕೂಮರಿನ್ ಎಂಬ ಅಂಶ ಸೂರ್ಯನ ಅತಿನೇರಳೆ ಕಿರಣಕ್ಕೆ ಸಿಕ್ಕಾಗ ಚರ್ಮವನ್ನು ಸುಡುತ್ತದೆ. ಆಕೆಯ ತುಟಿಯಂಚು ಗುಳ್ಳೆಯೆದ್ದು, ಬೆಳ್ಳಗಾಗುವ ಬದಲು ತಿಂಗಳುಗಟ್ಟಲೆ ಕಪ್ಪಾಗಿ ಉಳಿಯಿತು. ಜೇನುತುಪ್ಪ, ಬೀಟ್‌ರೂಟ್ ರಸ, ಗುಲಾಬಿ ನೀರು ಎಣ್ಣೆಯಲ್ಲಿ ಕರಗುವುದಿಲ್ಲ. ತಳಕ್ಕಿಳಿದು ಹನಿಗಟ್ಟುತ್ತವೆ, ನೀರಿದ್ದಲ್ಲಿ ಬೂಷ್ಟು ಬೆಳೆಯುತ್ತದೆ. ಒಂದು ವರ್ಷದೊಳಗಿನ ಕೂಸಿನ ತುಟಿಗಂತೂ ಜೇನು ಸೋಕಿಸಲೇಬಾರದು, ಬೊಟ್ಯುಲಿಸಂ ಎಂಬ ಅಪಾಯಕಾರಿ ಕಾಯಿಲೆಯ ಬೀಜಾಣುಗಳು ಅದರಲ್ಲಿರಬಹುದು. ಬಣ್ಣಕ್ಕೆಂದು ಕುಂಕುಮ, ಸಿಂಧೂರ ಹಾಕುವುದು ತೀರ ಅಪಾಯ, ಕೆಲವು ಸಿಂಧೂರಗಳಲ್ಲಿ ಸೀಸವಿರುತ್ತದೆ ಮತ್ತು ತುಟಿಗೆ ಹಚ್ಚಿದ್ದು ಹೊಟ್ಟೆಗೆ ಹೋಗಿಯೇ ಹೋಗುತ್ತದೆ. ಪುದೀನ ಸತ್ತು, ಕರ್ಪೂರ, ದಾಲ್ಚಿನ್ನಿ ಎಣ್ಣೆಗಳು ಕೊಡುವ ಚುರುಚುರು ತಂಪು ಗುಣವಾಗುತ್ತಿರುವ ಲಕ್ಷಣವಲ್ಲ, ಉರಿಯ ಲಕ್ಷಣ.

ಮೇಣದಲ್ಲಿ ಉಳಿದ ಪ್ರೊಪೊಲಿಸ್‌ಗೆ (ಜೇನುಹುಳುಗಳು ಗೂಡಿಗೆ ಮೆತ್ತುವ ಅಂಟು), ಅಪರೂಪಕ್ಕೆ ಔಡಲ ಎಣ್ಣೆಗೂ ಅಲರ್ಜಿ ಇರುವವರಿದ್ದಾರೆ. ಮೊದಲು ಮೊಣಕೈ ಒಳಮಡಿಕೆಗೆ ದಿನಕ್ಕೆರಡು ಸಲದಂತೆ ಒಂದು ವಾರ ಹಚ್ಚಿ ನೋಡಬೇಕು. ಡಬ್ಬಿಯ ಮೇಲೆ ತಯಾರಿಸಿದ ದಿನಾಂಕ ಬರೆಯಿರಿ. ಕುಸುಬಿ ಎಣ್ಣೆ ಹಾಕದ ಬಾಮ್ ಮೂರು ತಿಂಗಳು ಬರುತ್ತದೆ, ಕಮಟು ವಾಸನೆ ಬಂದರೆ ಅದಕ್ಕೂ ಮೊದಲೇ ಎಸೆಯಬೇಕು.

ಹೊಲದಲ್ಲಿ, ರಸ್ತೆಯಲ್ಲಿ ಹಗಲೆಲ್ಲ ದುಡಿಯುವವರಿಗೆ ಈ ಬಾಮ್ ಸಾಲದು. ಕೊಬ್ಬರಿ ಎಣ್ಣೆ ಬಿಸಿಲನ್ನು ತಡೆಯುತ್ತದೆ ಎಂಬ ಮಾತನ್ನು ನಂಬಿ ಕೂರಬಾರದು, ಬಿಸಿಲು ತಡೆಯುವ ಜಿಂಕ್ ಆಕ್ಸೈಡ್ ಪುಡಿಯನ್ನು ಮನೆಯಲ್ಲಿ ಸಮನಾಗಿ ಬೆರೆಸಲೂ ಆಗದು. ಅವರು ಎಸ್‌ಪಿಎಫ್ (ಬಿಸಿಲು ತಡೆಯುವ ಶಕ್ತಿಯ ಅಳತೆ) 30 ಅಥವಾ ಅದಕ್ಕೂ ಹೆಚ್ಚಿನ ಬಾಮ್ ಕೊಳ್ಳಬೇಕು, ಇಲ್ಲವೇ ಸೆರಗು, ರುಮಾಲಿನಿಂದ ಬಾಯಿ ಮುಚ್ಚಿಕೊಳ್ಳಬೇಕು. ಕೆಳತುಟಿಯಲ್ಲಿ ಮೂರು ವಾರವಾದರೂ ಮಾಯದ ಹುಣ್ಣು, ಗಡಸಾದ ಬಿಳಿ ಮಚ್ಚೆ ಇದ್ದರೆ, ವಿಶೇಷವಾಗಿ ತಂಬಾಕು, ಗುಟ್ಕಾದ ರೂಢಿ ಇದ್ದವರಲ್ಲಿ, ಕೂಡಲೇ ತೋರಿಸಬೇಕು. ಬಾಯಿಯ ಮೂಲೆಗಳಷ್ಟೇ ಸೀಳುತ್ತಿದ್ದರೆ ಕಬ್ಬಿಣಾಂಶ ಅಥವಾ ಬಿ2 ವಿಟಮಿನ್ ಕೊರತೆ, ಶಿಲೀಂಧ್ರದ ಸೋಂಕು, ಸಡಿಲವಾದ ಹಲ್ಲುಸೆಟ್ಟು ಇವುಗಳಲ್ಲೊಂದು ಕಾರಣವಿರುತ್ತದೆ.

ಕಳೆದ ಚಳಿಗಾಲ ಒಬ್ಬ ಗೃಹಿಣಿ ತಂದ ಡಬ್ಬಿಯಲ್ಲಿ ಬಾಮ್ ನಾನು ಮಾಡುವುದಕ್ಕಿಂತ ನುಣುಪಾಗಿತ್ತು, ಆದರೆ ಎರಡು ತಿಂಗಳಿಂದ ತುಟಿ ಮಾತ್ರ ಸಿಪ್ಪೆ ಏಳುತ್ತಲೇ ಇತ್ತು. ಕೇಳುತ್ತ ಹೋದಾಗ ತಿಳಿದದ್ದು, ತೊಂದರೆ ಶುರುವಾಗುವ ಮೊದಲು ಆಕೆ ಖಾರವಾದ ದಾಲ್ಚಿನ್ನಿ ಪರಿಮಳದ ಹೊಸ ಟೂತ್‌ಪೇಸ್ಟ್‌ಗೆ ಬದಲಾಗಿದ್ದರು. ಅದನ್ನು ಬಿಡಿಸಿ, ಪರಿಮಳವಿಲ್ಲದ ಪೇಸ್ಟ್ ಬರೆದುಕೊಟ್ಟ ನಾಲ್ಕು ವಾರಕ್ಕೆ ತುಟಿ ಸರಿಹೋಯಿತು. ಉಳಿದ ಮೂರು ಡಬ್ಬಿ ಬಾಮ್ ಈಗ ಅವರ ಅತ್ತೆಯ ಒಡೆದ ಹಿಮ್ಮಡಿಗೆ ಹೋಗುತ್ತಿದೆಯಂತೆ.