'ಮೆಟ್ರೊಪೊಲಿಸ್' ಬರೆದಾಕೆ, ಬೆಳಗುಂದಿಯ ಗಂಡ ಮತ್ತು ನಾಜಿ ಪಕ್ಷದ ಸದಸ್ಯತ್ವ

ಸಿನಿಮಾ ಹುಚ್ಚಿರುವ ಯಾರನ್ನು ಕೇಳಿದರೂ ನಿರ್ದೇಶಕ ಫ್ರಿಟ್ಜ್ ಲಾಂಗ್ ಹೆಸರು ಹೇಳುತ್ತಾರೆ. ಅವರ ಜರ್ಮನಿಯ ದಿನಗಳ ದೊಡ್ಡ ಚಿತ್ರಗಳನ್ನು ಬರೆದ ಥಿಯಾ ಫಾನ್ ಹಾರ್ಬು ಬಗ್ಗೆ ಕೇಳಿ ನೋಡಿ, ಉತ್ತರ ಒಬ್ಬೊಬ್ಬರದು ಒಂದೊಂದು ಥರ. ನಾಜಿ ಪಕ್ಷ ಸೇರಿದಳಲ್ಲ, ಅವಳಾ? ಇಂಡಿಯಾದವನನ್ನು ಗುಟ್ಟಾಗಿ ಮದುವೆಯಾದಳಂತೆ, ಅವಳಾ? 'ಮೆಟ್ರೊಪೊಲಿಸ್' ನೋಡೋಕೆ ಅದ್ಭುತ, ಕಥೆ ಮಾತ್ರ ಪೆದ್ದು, ಅದು ಬರೆದವಳ ತಪ್ಪು. ಇವೆಲ್ಲ ಒಂದಕ್ಕೊಂದು ಸಿಕ್ಕು ಬಿದ್ದು ಕೂತಿರುವುದರಿಂದ ಯಾವುದು ಯಾವಾಗ ಆಯಿತು ಅನ್ನುವುದೇ ತಿಳಿಯುವುದಿಲ್ಲ.

ಹಾರ್ಬು 1888ರಲ್ಲಿ ಜರ್ಮನಿಯ ಬವೇರಿಯಾದ ಒಂದು ಹಳ್ಳಿಯಲ್ಲಿ ಹುಟ್ಟಿ, ನಾಟಕದ ನಟಿಯಾಗಿ, ಕಾದಂಬರಿ ಬರೆದು ಹೆಸರು ಮಾಡಿ, ಸಿನಿಮಾಕ್ಕೆ ಬಂದು, 1922ರಲ್ಲಿ ಲಾಂಗ್ ಅವರನ್ನು ಮದುವೆಯಾದರು. ಮೊದಲ ಗಂಡ, ನಟ ರುಡಾಲ್ಫ್ ಕ್ಲೈನ್ ರೊಗ್ಗೆ. ಡಿವೋರ್ಸ್ ಆದಮೇಲೂ ಆತ ಇವರ ಚಿತ್ರಗಳಲ್ಲಿ ಖಳನಾಗಿ ನಟಿಸುತ್ತಲೇ ಇದ್ದರು! ಲಾಂಗ್ ಒಬ್ಬರಿಗೇ ಅಲ್ಲ, ನಿರ್ದೇಶಕರಾದ ಮುರ್ನೌ ಮತ್ತು ಡ್ರೈಯರ್ ಅವರಿಗೂ ಹಾರ್ಬು ಬರೆದುಕೊಟ್ಟಿದ್ದಾರೆ. ಗಂಡನ ನೆರಳಲ್ಲಿ ಬೆಳೆದವರು ಅನ್ನುವ ಮಾತು ಇಲ್ಲೇ ಬಿದ್ದುಹೋಗುತ್ತದೆ.

ಲಾಂಗ್ ನಿರ್ದೇಶಿಸಿದ 'ಮೆಟ್ರೊಪೊಲಿಸ್' ಬಿಡುಗಡೆಯಾಗಿದ್ದು 1927ರ ಜನವರಿ 10ರಂದು, ಬರ್ಲಿನ್‌ನಲ್ಲಿ. ಖರ್ಚು 50 ಲಕ್ಷ ಮಾರ್ಕ್ ದಾಟಿತ್ತು. ಕಥೆ ಗೊತ್ತಲ್ಲ, ಮೇಲೆ ಶ್ರೀಮಂತರ ನಗರ, ನೆಲದಡಿ ಕೂಲಿಗಳು, ಕೊನೆಗೆ ತಲೆಗೂ ಕೈಗೂ ನಡುವೆ ಹೃದಯ ಇರಬೇಕು ಅನ್ನುವ ಮಾತು. ಆ ಕೊನೆ ನನಗೂ ಅಷ್ಟು ಹಿಡಿಸುವುದಿಲ್ಲ. ಆದರೆ ಹಾರ್ಬು ಬರೆದ ಕಥೆ ಅಷ್ಟೇ ಆಗಿರಲಿಲ್ಲ.

ವಿಜ್ಞಾನಿ ರೊಟ್‌ವಾಂಗ್ ಮನೆಯಲ್ಲಿ ಒಂದು ಪರದೆ ಇದೆ. ಅದರ ಹಿಂದೆ ಕಲ್ಲಲ್ಲಿ ಕೆತ್ತಿದ ಹೆಣ್ಣಿನ ದೊಡ್ಡ ತಲೆ. ಆಕೆ ಹೆಲ್. ರೊಟ್‌ವಾಂಗ್ ಪ್ರೀತಿಸಿದ್ದು ಆಕೆಯನ್ನೇ, ಆಕೆ ಮದುವೆಯಾಗಿದ್ದು ನಗರದ ಒಡೆಯನನ್ನು, ಸತ್ತಿದ್ದು ಹೆರಿಗೆಯಲ್ಲಿ. ಒಡೆಯ ಆ ಪರದೆ ಸರಿಸಿದ ಕೂಡಲೇ ಇಬ್ಬರು ಮುದುಕರಿಗೂ ಹಳೆಯ ಗಾಯ ಕೆರಳುತ್ತದೆ. ರೊಟ್‌ವಾಂಗ್ ಕಬ್ಬಿಣದ ಯಂತ್ರದ ಹೆಣ್ಣನ್ನು ಮಾಡಿದ್ದು ಹೆಲ್‌ಳನ್ನು ಮತ್ತೆ ಜೀವಂತ ನೋಡಬೇಕು ಅಂತ, ಅದನ್ನು ಮಾಡುವಾಗ ತನ್ನ ಒಂದು ಕೈಯನ್ನೇ ಆತ ಕಳೆದುಕೊಂಡಿದ್ದಾನೆ. ಇಡೀ ಚಿತ್ರದ ಸೇಡು, ಹುಚ್ಚು ಎಲ್ಲ ಇಲ್ಲಿಂದಲೇ ಹೊರಡುತ್ತದೆ.

ಅಮೆರಿಕಕ್ಕೆ ಹೋದಾಗ ಇದಕ್ಕೇ ಕತ್ತರಿ ಬಿತ್ತು. ಉದ್ದ ಜಾಸ್ತಿ ಆಯಿತು ಅಂತ ಸುಮಾರು ಕಾಲು ಭಾಗ ತೆಗೆದರು, ಹೆಲ್ ಪೂರ್ತಿ ಮಾಯವಾದಳು. ಈಗ ರೊಟ್‌ವಾಂಗ್ ಆ ಯಂತ್ರವನ್ನು ಯಾಕೆ ಮಾಡಿದ ಅನ್ನುವುದಕ್ಕೆ ಕಾರಣವೇ ಇಲ್ಲ. ಜರ್ಮನಿಯಲ್ಲೂ ಅದೇ ವರ್ಷ ಮೊಟಕು ಮಾಡಿದ ಪ್ರತಿಯನ್ನೇ ಓಡಿಸಿದರು. ಇಂಗ್ಲಿಷ್ ಲೇಖಕ ಎಚ್.ಜಿ. ವೆಲ್ಸ್ ಇಷ್ಟು ಪೆದ್ದು ಸಿನಿಮಾ ನೋಡಿಲ್ಲ ಅಂತ ಬರೆದರು. ಇಂಗ್ಲಿಷ್ ನೋಡುಗರಿಗೆ ಆಗ ಸಿಕ್ಕಿದ್ದು ಇಂಥ ಕತ್ತರಿಸಿದ ಪ್ರತಿಯೇ. ತಲೆಬುಡ ಇಲ್ಲದ ಕಥೆ ಅನ್ನುವ ಅಪವಾದ ಮಾತ್ರ ಬರೆದವರ ತಲೆಗೆ ಕಟ್ಟಿತು, 80 ವರ್ಷ ಹಾಗೇ ಉಳಿಯಿತು.

ಸರಿಯಾದ ಜೋಡಣೆ ಹೇಗಿತ್ತು ಅಂತ ಮುಂದೆ ಹುಡುಕಿದವರಿಗೆ ಆಧಾರವಾಗಿದ್ದು ಚಿತ್ರದ ಸಂಗೀತಗಾರ ಗಾಟ್‌ಫ್ರೀಡ್ ಹುಪರ್ಟ್ಸ್ ಇಟ್ಟುಕೊಂಡಿದ್ದ ಹಾರ್ಬು ಅವರ ಚಿತ್ರಕಥೆಯ ಪ್ರತಿ ಮತ್ತು ಸಂಗೀತದ ಹಾಳೆಗಳು. 2008ರಲ್ಲಿ ಬ್ಯೂನಸ್ ಐರಿಸ್‌ನ ಸಿನಿಮಾ ಮ್ಯೂಸಿಯಂನಲ್ಲಿ ಕತ್ತರಿಸಿದ ಭಾಗಗಳಿದ್ದ, ಗೀರು ತುಂಬಿದ 16 ಎಂಎಂ ಪ್ರತಿ ಸಿಕ್ಕಿತು. 2010ರಲ್ಲಿ ಹೆಲ್‌ಳ ಕಲ್ಲಿನ ತಲೆ ಮತ್ತೆ ತೆರೆಗೆ ಬಂತು. ಅದನ್ನು ನೋಡಿದ ಮೇಲೂ ಕಥೆ ಹಿಡಿಸದಿದ್ದರೆ ಸರಿ, ಅದು ಬೇರೆ ಮಾತು.

ಇನ್ನು 1933. ಲಾಂಗ್ ಜೊತೆ ಡಿವೋರ್ಸ್ ಆಯಿತು, ಇಬ್ಬರೂ ಸೇರಿ ಮಾಡಿದ ಕೊನೆಯ ಚಿತ್ರವನ್ನು ಹೊಸ ಸರ್ಕಾರ ಬ್ಯಾನ್ ಮಾಡಿತು, ಲಾಂಗ್ ದೇಶ ಬಿಟ್ಟರು. ನಾಜಿ ಪ್ರಚಾರ ಮಂತ್ರಿ ಗೋಬೆಲ್ಸ್ ಕರೆದು ದೊಡ್ಡ ಹುದ್ದೆ ಕೊಡುತ್ತೇನೆ ಅಂದ, ಅದೇ ರಾತ್ರಿ ರೈಲು ಹತ್ತಿದೆ ಅಂತ ಲಾಂಗ್ ಹೇಳುತ್ತಿದ್ದರು. ಪಾಸ್‌ಪೋರ್ಟಿನ ಮುದ್ರೆಗಳು ನೋಡಿದರೆ ಆಮೇಲೂ ಕೆಲವು ಸಲ ಬಂದು ಹೋಗಿದ್ದಾರೆ. ಹೀರೊ ಒಬ್ಬ ಓಡಿಹೋದ, ಹೆಂಡತಿ ನಾಜಿಗಳ ಜೊತೆ ಉಳಿದಳು ಅನ್ನುವ ಕಥೆ ಹೇಳೋಕೆ ಸುಲಭ, ಅಲ್ವಾ?

ಉಳಿದಿದ್ದು ನಿಜ. ಪಕ್ಷದ ಸದಸ್ಯೆಯಾಗಿದ್ದೂ ನಿಜ, ಯಾವ ವರ್ಷ ಅನ್ನುವಲ್ಲಿ ಮಾತ್ರ ಪುಸ್ತಕಗಳಿಗೆ ಒಮ್ಮತ ಇಲ್ಲ. ಆ ಸರ್ಕಾರದ ಕಾಲದಲ್ಲಿ ಸಾಲು ಸಾಲು ಚಿತ್ರ ಬರೆದರು. ಅದೇ ಹೊತ್ತಿಗೆ ಅವರ ಜೊತೆಗಿದ್ದವರು ನಮ್ಮ ಬೆಳಗಾವಿ ಹತ್ತಿರದ ಬೆಳಗುಂದಿಯ ಆಯಿ ತೆಂಡೂಲ್ಕರ್, ಓದೋಕೆ ಅಂತ ಯುರೋಪಿಗೆ ಹೋಗಿ ಬರ್ಲಿನ್‌ನಲ್ಲಿ ಪತ್ರಕರ್ತರಾಗಿದ್ದವರು, ಹಾರ್ಬು ಅವರಿಗಿಂತ ಎಷ್ಟೋ ವರ್ಷ ಚಿಕ್ಕವರು. ಆ ಆಳ್ವಿಕೆಯಲ್ಲಿ ಇಂಥ ಮದುವೆ ಬಹಿರಂಗವಾಗಿ ಆಗುವ ಹಾಗಿರಲಿಲ್ಲ, ಗುಟ್ಟಾಗಿ ಆದರು. ಜರ್ಮನಿಯಲ್ಲಿದ್ದ ಭಾರತೀಯರಿಗೆ ಸಹಾಯ ಮಾಡೋಕೆ ಪಕ್ಷ ಸೇರಿದೆ ಅಂತ ಹಾರ್ಬು ಯುದ್ಧದ ನಂತರ ಹೇಳಿದರು. ಇದನ್ನು ಪೂರ್ತಿ ನಂಬೋದು ಕಷ್ಟ, ಪೂರ್ತಿ ಸುಳ್ಳು ಅನ್ನೋದೂ ಕಷ್ಟ. ತೆಂಡೂಲ್ಕರ್ ಯುದ್ಧಕ್ಕೆ ಮೊದಲೇ ಊರಿಗೆ ಮರಳಿದರು. 1945ರಲ್ಲಿ ಸೇವಾಗ್ರಾಮದಲ್ಲಿ, ಗಾಂಧೀಜಿ ಎದುರು, ಇಂದುಮತಿ ಗುಣಾಜಿ ಅವರನ್ನು ಮದುವೆಯಾದರು. ಅದೇ ವರ್ಷ ಹಾರ್ಬು ಬ್ರಿಟಿಷರ ಶಿಬಿರದಲ್ಲಿ ಬಂಧಿಯಾಗಿದ್ದರು. ಬಿಡುಗಡೆಯಾದ ಮೇಲೆ ಬರ್ಲಿನ್‌ನಲ್ಲಿ ಕಟ್ಟಡದ ಅವಶೇಷ ಹೊರುವ ಕೆಲಸ ಮಾಡಿದರು. 1954ರಲ್ಲಿ ತಮ್ಮದೇ ಹಳೆಯ ಚಿತ್ರದ ಪ್ರದರ್ಶನದಿಂದ ಹೊರಬರುವಾಗ ಬಿದ್ದು ಪೆಟ್ಟಾಗಿ, ಜುಲೈ 1ರಂದು ತೀರಿಕೊಂಡರು.

ಲಾಂಗ್ ಆಮೇಲೆ ಒಂದು ಸಂದರ್ಶನದಲ್ಲಿ 'ಮೆಟ್ರೊಪೊಲಿಸ್'ನ ಆ ಹೃದಯದ ಮಾತು ಮುಖ್ಯವಾಗಿ ಹಾರ್ಬು ಅವರದು, ಆದರೆ ಅರ್ಧ ಹೊಣೆಯಾದರೂ ತನ್ನದೇ ಅಂತ ಒಪ್ಪಿಕೊಂಡರು. ಉಳಿದರ್ಧ ಬರೆದವರಿಗೆ, ಪರವಾಗಿಲ್ಲ. 1950ರ ದಶಕದ ಕೊನೆಯಲ್ಲಿ ಜರ್ಮನಿಗೆ ಮರಳಿ ಅವರು ಮೊದಲು ಕೈಗೆತ್ತಿಕೊಂಡದ್ದು 1918ರ ಒಂದು ಕಾದಂಬರಿ, ಮಹಾರಾಜ, ಹುಲಿ, ಸಮಾಧಿ ಎಲ್ಲ ಇರುವ ಕಥೆ. 1921ರಲ್ಲೇ ತಾನು ನಿರ್ದೇಶಿಸುತ್ತೇನೆ ಅಂದುಕೊಂಡು ಹಾರ್ಬು ಜೊತೆ ಕೂತು ಅದಕ್ಕೆ ಚಿತ್ರಕಥೆ ಬರೆದಿದ್ದರು, ನಿರ್ದೇಶನ ಮಾತ್ರ ಕೈತಪ್ಪಿತ್ತು. ಈ ಸಲ ಉದಯಪುರಕ್ಕೇ ಬಂದು ಶೂಟ್ ಮಾಡಿದರು. ಕಾದಂಬರಿ ಹಾರ್ಬು ಅವರದು.